ಫೈರ್‌ಬೋಟಿನ ಮೇಲೆ ಕೇಳಿದ ಮಾತು

ವಾರಿಂಗ್‌ಟನ್ನಿನ ಮನೆಗೆ ನಾವು ಬಂದ ಮೊದಲ ಶನಿವಾರವೇ ಅಡುಗೆಮನೆಯ ಸಿಂಕಿನ ಕೆಳಗಿನ ಪೈಪು ಬಿಟ್ಟುಕೊಂಡಿತು. ನಾನು ಬರ್ಚ್‌ವುಡ್‌ನ ಕಚೇರಿಯೊಂದರಲ್ಲಿ ಪಂಪು, ವಾಲ್ವುಗಳ ವಿನ್ಯಾಸ ಮಾಡುವ ಎಂಜಿನಿಯರ್. ಆದರೆ ಮನೆಯೊಳಗಿನ ನೀರನ್ನು ಎಲ್ಲಿ ನಿಲ್ಲಿಸಬೇಕೆಂದು ಗೊತ್ತಾಗದೆ, ಮೊಣಕಾಲೂರಿ ಕೂತು ಕೈಗೆ ಸಿಕ್ಕ ಟವೆಲ್ಲುಗಳನ್ನೆಲ್ಲ ಪೈಪಿಗೆ ಸುತ್ತುತ್ತಿದ್ದೆ. ನನ್ನ ಹೆಂಡತಿ ಹೋಗಿ ಪಕ್ಕದ ಮನೆಯ ಬಾಗಿಲು ತಟ್ಟಿದಳು. ಎಪ್ಪತ್ತು ದಾಟಿದ, ಎತ್ತರದ ಇಂಗ್ಲಿಷ್ ಮುದುಕರೊಬ್ಬರು ಮನೆಯ ಚಪ್ಪಲಿಯಲ್ಲೇ ಬಂದು, ಮೆಟ್ಟಿಲ ಕೆಳಗಿನ ಕಪಾಟಿನಲ್ಲಿ ತಲೆ ತೂರಿಸಿ, ಒಂದು ತಿರುಗುಗುಂಡಿಯನ್ನು ಹಿಡಿದು ತಿರುವಿದರು. ನೀರು ನಿಂತಿತು.

"ಏನು ಕೆಲಸ ನಿನ್ನದು, ಲ್ಯಾಡ್?" ಎಂದು ಕೇಳಿದರು.

ಹೇಳಿದೆ. ಅವರು ನಗಲಿಲ್ಲ. "ನಾನೂ ಪಂಪಿನವನೇ" ಎಂದರು. ನಲವತ್ತು ದಾಟಿದ ನನ್ನನ್ನು ಈ ದೇಶದಲ್ಲಿ ಬೇರೆ ಯಾರೂ ಲ್ಯಾಡ್, ಅಂದರೆ ಹುಡುಗ, ಎಂದು ಕರೆದಿರಲಿಲ್ಲ. ಅವರು ಕೊನೆಯವರೆಗೂ ಹಾಗೆಯೇ ಕರೆದರು. ಅವರು ಆಡುತ್ತಿದ್ದದ್ದು ಉತ್ತರ ಇಂಗ್ಲೆಂಡಿನ ಎಳೆದ ಇಂಗ್ಲಿಷ್. ಇಲ್ಲಿ ಆ ಮಾತುಗಳನ್ನು ಕನ್ನಡದಲ್ಲಿ ಬರೆಯುತ್ತಿದ್ದೇನೆ.

ಅವರು ಹತ್ತಿರದ ನಗರವೊಂದರ ಅಗ್ನಿಶಾಮಕ ದಳದಲ್ಲಿ ಇದ್ದವರು. ಯಾವ ನಗರ ಎಂದು ಬರೆಯುವುದಿಲ್ಲ, ಅದು ಅವರ ಮಗಳ ಕೋರಿಕೆ. ಸಮುದ್ರದ ಹಡಗುಗಳು ನಾಡಿನೊಳಕ್ಕೆ ಬರಲೆಂದು ತೋಡಿದ ದೊಡ್ಡ ಕಾಲುವೆಯೊಂದು ನಮ್ಮ ಊರಿನ ಅಂಚಿನಲ್ಲೇ ಹಾದುಹೋಗುತ್ತದೆ. ಆ ಕಾಲುವೆಗೆ ಸೇರಿದ ಧಕ್ಕೆಗಳಲ್ಲಿ ಒಂದು ಕಾಲಕ್ಕೆ ಹತ್ತಿ, ಧಾನ್ಯ, ಮರ, ಎಣ್ಣೆ ತುಂಬಿದ ಹಡಗುಗಳು ಸಾಲುಗಟ್ಟಿ ನಿಲ್ಲುತ್ತಿದ್ದವು. ಹಡಗಿಗೆ ಬೆಂಕಿ ಬಿದ್ದರೆ ರಸ್ತೆಯ ಮೇಲಿನ ಅಗ್ನಿಶಾಮಕ ವಾಹನಕ್ಕೆ ಧಕ್ಕೆಯ ಕಡೆಯ ಮಗ್ಗುಲು ಮಾತ್ರ ಸಿಗುತ್ತದೆ. ನೀರಿನ ಕಡೆಯಿಂದ ಹೋಗಲು ದಳದ ಬಳಿ ಒಂದು ದೋಣಿ ಇತ್ತು. ಅದೇ ಫೈರ್‌ಬೋಟ್. ನಮ್ಮ ಪಕ್ಕದ ಮನೆಯವರು ಹತ್ತೊಂಬತ್ತನೆಯ ವಯಸ್ಸಿಗೆ ಅದರ ಎಂಜಿನ್ ಕೋಣೆಗೆ ಇಳಿದವರು, ದೋಣಿಯನ್ನು ಸೇವೆಯಿಂದ ತೆಗೆಯುವ ದಿನ ಕೊನೆಯವರಾಗಿ ಮೇಲೆ ಬಂದರು.

ನಿವೃತ್ತರಾದ ಮೇಲೆ ಅವರು ಆ ದೋಣಿಯ ಚರಿತ್ರೆ ಬರೆಯಲು ಕೂತಿದ್ದರು. ಶಾಲೆಯ ಮಕ್ಕಳು ಬಳಸುವಂಥ ಗೆರೆ ಎಳೆದ ನೋಟ್‌ಬುಕ್ಕುಗಳು, ಅವುಗಳ ತುಂಬ ದಪ್ಪ ಪೆನ್ಸಿಲಿನ ಅಕ್ಷರ. ಕಣ್ಣಿನ ನಡುಭಾಗದಲ್ಲಿ ಮಸುಕು ಕವಿಯುತ್ತ ಬಂದದ್ದರಿಂದ ತಾವು ಬರೆದದ್ದನ್ನು ತಾವೇ ಓದಲು ಆಗುತ್ತಿರಲಿಲ್ಲ. ಹೆಂಡತಿ ತೀರಿಕೊಂಡಿದ್ದರು. ಒಬ್ಬಳೇ ಮಗಳು ಲೀಡ್ಸ್‌ನಲ್ಲಿ ಶಾಲೆಯ ಕೆಲಸದಲ್ಲಿದ್ದಳು. ಹಾಗಾಗಿ ಶನಿವಾರ ಬೆಳಿಗ್ಗೆ ನಾನು ಅವರ ಅಡುಗೆಮನೆಯಲ್ಲಿ ಕೂತು ಓದಿ ಹೇಳುವುದು, ಅವರು ತಿದ್ದುವುದು, ನಾನು ಲ್ಯಾಪ್‌ಟಾಪಿನಲ್ಲಿ ಟೈಪ್ ಮಾಡುವುದು ರೂಢಿಯಾಯಿತು.

ಮೊದಲ ಎರಡು ಪುಸ್ತಕಗಳು ಅವರಿಗಿಂತ ಹಿಂದಿನ ಕತೆ. ಆಗ ಇದ್ದದ್ದು ಮರದ ಮೈಯ, ಉಗಿಯ ಪಂಪಿನ ಹಳೆಯ ದೋಣಿ. ಅದರಲ್ಲಿ ಅವರ ತಂದೆ ಕೆಲಸ ಮಾಡುತ್ತಿದ್ದರು. ಯುದ್ಧದ ಕಾಲದಲ್ಲಿ ಧಕ್ಕೆಯ ಮೇಲೆ ಬಾಂಬು ಬಿದ್ದಾಗ ಆ ದೋಣಿ ಒಂದೇ ಸಮನೆ ಮೂರು ದಿನ ಪಂಪು ನಿಲ್ಲಿಸದೆ ನಿಂತಿತ್ತಂತೆ. ತಂದೆ ಮನೆಗೆ ಬಂದಾಗ ಹುಬ್ಬಿರಲಿಲ್ಲವಂತೆ, ಅಷ್ಟೇ ಅವರ ತಾಯಿ ಹೇಳಿದ್ದು. ಆಮೇಲೆ ಬಂದದ್ದು ಅವರ ಸ್ವಂತ ದೋಣಿ. ಉಕ್ಕಿನ ಮೈ, ಕೆಂಪು ಬಣ್ಣ, ಸೇತುವೆಗಳ ಕೆಳಗೆ ನುಸುಳಲೆಂದು ತಗ್ಗಾಗಿ ಕಟ್ಟಿದ ಚಾಲಕನ ಕೋಣೆ. ನೀರಿನ ಟ್ಯಾಂಕ್ ಇರಲಿಲ್ಲ. ಕಾಲುವೆಯನ್ನೇ ಹೀರಿ ಕಾಲುವೆಯ ಮೇಲಿನ ಬೆಂಕಿಗೆ ಹೊಡೆಯುವುದು. ಮುಂಭಾಗದ ದೊಡ್ಡ ಕೊಳವೆಯಿಂದ ಪೂರ್ತಿ ಒತ್ತಡದಲ್ಲಿ ನೀರು ಬಿಟ್ಟರೆ ದೋಣಿಯೇ ಹಿಂದಕ್ಕೆ ಸರಿಯುತ್ತಿತ್ತು, ಅದನ್ನು ತಡೆಯಲು ಎಂಜಿನ್ನನ್ನು ಮುಂದಕ್ಕೆ ಓಡಿಸುತ್ತಿರಬೇಕು. "ನಿಂತಲ್ಲೇ ನಿಲ್ಲೋದೇ ನಮ್ಮ ದೊಡ್ಡ ಕೆಲಸ" ಎನ್ನುತ್ತಿದ್ದರು.

ವರ್ಷದಲ್ಲಿ ಹೆಚ್ಚು ದಿನ ಬೆಂಕಿಯೇ ಇರುತ್ತಿರಲಿಲ್ಲ. ಮುಳುಗುತ್ತಿದ್ದ ಸರಕು ದೋಣಿಗಳ ನೀರು ಖಾಲಿ ಮಾಡುವುದು, ಚಳಿಗಾಲದಲ್ಲಿ ನೀರಿನ ಮಟ್ಟ ಏರಿಳಿಸುವ ಲಾಕ್‌ಗೇಟಿನ ಮುಂದಿನ ಮಂಜುಗಡ್ಡೆ ಒಡೆಯುವುದು, ಕುಡಿದು ನೀರಿಗೆ ಬಿದ್ದವರನ್ನು ಎತ್ತುವುದು. ಒಮ್ಮೆ ಕಸಾಯಿಖಾನೆಯ ದಾರಿಯಿಂದ ತಪ್ಪಿಸಿಕೊಂಡು ಕಾಲುವೆಗೆ ಹಾರಿದ ಎತ್ತನ್ನು ಅರ್ಧ ಮೈಲಿ ಜೊತೆಗೂಡಿ ಈಜಿಸಿ ದಡಕ್ಕೆ ಹತ್ತಿಸಿದ್ದರು. ಅದನ್ನು ಓದುವಾಗ ಅವರು ಮೇಜಿನ ಅಂಚು ಹಿಡಿದು ನಕ್ಕರು. ನಾನೂ ನಕ್ಕೆ. ಆ ಎತ್ತನ್ನು ಆಮೇಲೆ ಏನು ಮಾಡಿದರು ಎಂದು ಕೇಳಿದೆ. "ಎಲ್ಲಿಗೆ ಹೊರಟಿತ್ತೋ ಅಲ್ಲಿಗೇ ಕರ್ಕೊಂಡು ಹೋದ್ರು" ಎಂದರು.

ಆಮೇಲೆ ಹಡಗುಗಳು ದೊಡ್ಡವಾದವು, ಕಾಲುವೆ ಅವಕ್ಕೆ ಸಣ್ಣದಾಯಿತು. ಧಕ್ಕೆಗಳು ಒಂದೊಂದಾಗಿ ಮುಚ್ಚಿದವು. ಬೇಸಿಗೆಯ ಉತ್ಸವಗಳಲ್ಲಿ ಬಣ್ಣದ ನೀರು ಚಿಮ್ಮಿಸಿ ಮಕ್ಕಳನ್ನು ರಂಜಿಸುವುದಷ್ಟೇ ದೋಣಿಗೆ ಉಳಿದ ಕೆಲಸ. ಕೊನೆಗೆ ಅದನ್ನು ಮಾರಿದರು. ಕೊಂಡವನು ಅದರಲ್ಲಿ ಕೆಲವು ವರ್ಷ ವಾಸ ಮಾಡಿ, ಬೇಸತ್ತು, ಒಂದು ಹಿನ್ನೀರಿನ ಮೂಲೆಯಲ್ಲಿ ಕಟ್ಟಿ ಬಿಟ್ಟು ಹೋದ. ಹಳೆಯ ದೋಣಿಗಳ ಮೇಲೆ ಆಸೆಯಿದ್ದ ಕೆಲವರು ಅದನ್ನು ಉಳಿಸಲು ಒಂದು ಸಂಘ ಕಟ್ಟಿದ್ದರು. ನಮ್ಮವರು ಅದರ ಸದಸ್ಯರು. ಚರಿತ್ರೆ ಬರೆದದ್ದೂ ಆ ಸಂಘಕ್ಕಾಗಿಯೇ.

ಆರು ಪುಸ್ತಕ ಮುಗಿದವು. ಏಳನೆಯದು ಮೇಜಿನ ಮೇಲೇ ಇರುತ್ತಿತ್ತು, ಅದನ್ನು ಮಾತ್ರ ನನ್ನ ಕಡೆಗೆ ತಳ್ಳುತ್ತಿರಲಿಲ್ಲ. "ಅದಿನ್ನೂ ಸರಿಯಾಗಿಲ್ಲ" ಎನ್ನುತ್ತಿದ್ದರು.

ಅದಾದ ಮೇಲೆ ಒಂದು ಜೂನ್ ತಿಂಗಳ ಸಂಜೆ. ಆ ವರ್ಷ ಬಿಸಿಲು ಜೋರಾಗಿತ್ತು. ಅವರು ತಮ್ಮ ಹಿತ್ತಲಲ್ಲಿ ಕುರ್ಚಿ ಹಾಕಿಕೊಂಡು ಕೂತಿದ್ದರು, ನಾನು ಬೇಲಿಯ ಈಚೆ ಹುಲ್ಲು ಕತ್ತರಿಸುತ್ತಿದ್ದೆ. ವೈದ್ಯೆಯಾದ ನನ್ನ ಹೆಂಡತಿ ಆಸ್ಪತ್ರೆಯ ಕೆಲಸ ಮುಗಿಸಿ ಬಂದವಳು ಅಡುಗೆಮನೆಯ ಬಾಗಿಲಲ್ಲಿ ನಿಂತು, "ರೀ, ಟೊಮೆಟೊ ಗಿಡಕ್ಕೆ ನೀರು ಹಾಕಿದ್ರಾ? ನೀರು, ನೀರು ಅಂತ ಬಾಯಿ ಬಿಡ್ತಿವೆ ನೋಡಿ" ಎಂದಳು.

ಕುರ್ಚಿ ಸರಿದ ಸದ್ದಾಯಿತು. ಅವರು ಬೇಲಿಯ ಹತ್ತಿರ ಬಂದು ನಿಂತಿದ್ದರು.

"ಆಕೆ ಏನಂದಳು?"

"ಗಿಡಕ್ಕೆ ನೀರು ಹಾಕಿದೆಯಾ ಅಂತ ಕೇಳಿದಳು" ಎಂದೆ.

"ಅದಲ್ಲ. ಆ ಪದ. ಒಂದರ ಹಿಂದೆ ಒಂದು ಎರಡು ಸಲ ಹೇಳಿದಳಲ್ಲ."

"ನೀರು?" ಎಂದೆ. "ನೀರು ಅಂದ್ರೆ ವಾಟರ್."

ಅವರು ನನ್ನ ಮುಖವನ್ನೇ ನೋಡಿದರು, ಅಥವಾ ಮಸುಕಾದ ಕಣ್ಣಿಂದ ಮುಖ ಇರುವ ಕಡೆಗೆ ನೋಡಿದರು. "ಖಂಡಿತಾನಾ?" ಎಂದು ಕೇಳಿದರು. ಇಂಥ ಪ್ರಶ್ನೆಗೆ ನಗಬೇಕೋ ಏನೋ ತಿಳಿಯದೆ, "ನನ್ನ ಭಾಷೆ ಅದು, ಖಂಡಿತ" ಎಂದೆ. ಅವರು ಬೇಲಿಯಿಂದ ತಿರುಗಿ ಒಳಗೆ ಹೋದರು. ಬಾಗಿಲು ಹಾಕಿಕೊಂಡರು.

ಆ ಶನಿವಾರ ಬಾಗಿಲು ತಟ್ಟಿದರೆ ತೆರೆಯಲಿಲ್ಲ. ಒಳಗಿಂದ, "ಇವತ್ತು ಬೇಡ, ಲ್ಯಾಡ್" ಎಂದರು. ಮುಂದಿನ ಶನಿವಾರ ಅವರೇ ಬಂದು ಏಳನೆಯ ಪುಸ್ತಕವನ್ನು ನನ್ನ ಕೈಗೆ ಕೊಟ್ಟು, "ನಿನ್ನ ಮನೇಲೇ ಓದು. ನನ್ನ ಎದುರಿಗೆ ಬೇಡ" ಎಂದರು.

ಅದರಲ್ಲಿ ಇದ್ದದ್ದು ಒಂದೇ ಮಧ್ಯಾಹ್ನದ ಕತೆ. ಅವರಿಗಾಗ ಇಪ್ಪತ್ತಮೂರು ವರ್ಷ. ಧಕ್ಕೆಯಲ್ಲಿ ನಿಂತಿದ್ದ ಸರಕಿನ ಹಡಗೊಂದರ ಒಡಲಲ್ಲಿ ಬೆಂಕಿ ಹೊತ್ತಿತ್ತು. ಹೇಗೆ ಹೊತ್ತಿತು ಎಂಬುದು ಕೊನೆಗೂ ಗೊತ್ತಾಗಲಿಲ್ಲ. ಹಡಗಿನ ಕೆಳಗಿನ ಕೆಲಸದವರು ಬಹುಪಾಲು ಹಿಂದೂಸ್ತಾನದವರು. ಫೈರ್‌ಬೋಟು ನೀರಿನ ಕಡೆಯಿಂದ ಹಡಗಿನ ಮಗ್ಗುಲಿಗೆ ಹೋಗಿ ಪಂಪು ಶುರುಮಾಡಿದ ಕೂಡಲೇ, ಹೊಗೆಯೊಳಗಿಂದ ಒಬ್ಬ ಯುವಕ ಕಟಕಟೆಯವರೆಗೆ ಬಂದು, ಹಾರಿದನೋ ಬಿದ್ದನೋ, ಕಾಲುವೆಗೆ ಬಿದ್ದ. ಅಡುಗೆಮನೆಯ ಕೆಲಸದವನಂತೆ. ಕೊಕ್ಕೆಗೋಲಿನಿಂದ ಎಳೆದು ದೋಣಿಯ ಮೇಲೆ ಮಲಗಿಸಿದರು. ಅರ್ಧ ಮೈ ಬೆಂದಿತ್ತು. ಹಡಗಿನ ಮೇಲೆ ಇನ್ನೂ ಜನ ಸಿಕ್ಕಿಬಿದ್ದಿದ್ದರು, ಆ ಮಗ್ಗುಲಿಗೆ ನೀರು ಹೊಡೆಯಲು ಬೇರೆ ದೋಣಿ ಇರಲಿಲ್ಲ, ಹಾಗಾಗಿ ಫೈರ್‌ಬೋಟು ಜಾಗ ಬಿಡುವಂತಿರಲಿಲ್ಲ. ಅವನನ್ನು ದಡಕ್ಕೆ ಒಯ್ಯಲು ಲಾಂಚ್ ಎಂಬ ಸಣ್ಣ ಮೋಟಾರು ದೋಣಿಯೊಂದನ್ನು ಕರೆಸಿದರು. ಪಂಪು ತನ್ನಷ್ಟಕ್ಕೆ ಓಡುತ್ತಿದ್ದುದರಿಂದ ಎಂಜಿನ್ ನೋಡುತ್ತಿದ್ದ ಇವರನ್ನು ಮೇಲಕ್ಕೆ ಕರೆದು, "ಇವನ ಹತ್ತಿರ ಕೂತಿರು" ಎಂದರು ಮೇಲಧಿಕಾರಿ.

ಇನ್ನುಳಿದದ್ದನ್ನು ಅವರ ಮಾತಿನಲ್ಲೇ ಬರೆಯುತ್ತೇನೆ. "ಅವನು ಒಂದೇ ಮಾತು ಹೇಳುತ್ತಿದ್ದ. ನಿಯರ್, ನಿಯರ್. ಪಂಪಿನ ಸದ್ದಿನಲ್ಲಿ ಸರಿಯಾಗಿ ಕೇಳುತ್ತಿರಲಿಲ್ಲ. ಹತ್ತಿರ ಬಾ ಅನ್ನುತ್ತಿದ್ದಾನೆ ಅಂದುಕೊಂಡೆ. ಭಯವಾಗಿದೆ ಅವನಿಗೆ, ಯಾರಾದರೂ ಹತ್ತಿರ ಬೇಕು. ಅವನು ಹೇಳಿದಾಗಲೆಲ್ಲ ಇನ್ನೂ ಹತ್ತಿರ ಹೋದೆ. ಇಲ್ಲಿದ್ದೇನೆ, ನಿಯರ್, ನಿಯರ್, ಅಂತ ನಾನೂ ಹೇಳಿದೆ. ಕೊನೆಗೆ ಡೆಕ್ಕಿನ ಮೇಲೆ ಅವನ ಪಕ್ಕದಲ್ಲೇ ಮಲಗಿ, ಸುಡದೆ ಉಳಿದಿದ್ದ ಕೆನ್ನೆಗೆ ನನ್ನ ಕೆನ್ನೆ ಇಟ್ಟೆ. ಲಾಂಚ್ ಬರುವ ಹೊತ್ತಿಗೆ ಮಾತು ನಿಂತಿತ್ತು."

ಆ ಪುಟದಲ್ಲಿ ನಿಯರ್ ಎಂಬ ಪದ ಬಂದಲ್ಲೆಲ್ಲ, ಭೂತಗನ್ನಡಿ ಹಿಡಿದು ಒಂದೊಂದಾಗಿ ಹುಡುಕಿರಬೇಕು, ಒಂದು ಗೆರೆ ಹೊಡೆದು, ಮೇಲೆ ವಾಟರ್ ಎಂದು ಬರೆದಿದ್ದರು. ಪುಟದ ಅಂಚಿನಲ್ಲಿ ಹೊಸದಾಗಿ ಸೇರಿಸಿದ ಒಂದು ಸಾಲು: "ಕುಡಿಯುವ ನೀರಿನ ಕ್ಯಾನ್ ಕೈಯಳತೆಯಲ್ಲಿತ್ತು."

ಪುಸ್ತಕವನ್ನು ನನ್ನ ಹೆಂಡತಿಗೆ ಕೊಟ್ಟೆ. ಅವಳು ಓದಿ ಮುಗಿಸಿ, ಚಪ್ಪಲಿ ಮೆಟ್ಟಿಕೊಂಡು ನೇರ ಅವರ ಮನೆಗೆ ಹೋದಳು. ನಾನೂ ಹಿಂದೆ ಹೋದೆ. ಅವಳು ಅವರ ಎದುರು ಕೂತು, ರೋಗಿಗಳ ಮನೆಯವರಿಗೆ ಹೇಳುವ ಹಾಗೆ ನಿಧಾನವಾಗಿ ಹೇಳಿದಳು. ಅಷ್ಟು ಸುಟ್ಟವರಿಗೆ, ಅಷ್ಟು ಹೊಗೆ ಕುಡಿದವರಿಗೆ ಗಂಟಲು ಊದಿಕೊಂಡಿರುತ್ತದೆ, ನೀರು ಕೊಟ್ಟಿದ್ದರೂ ನುಂಗಲು ಆಗುತ್ತಿರಲಿಲ್ಲ. ಇವತ್ತು ನಮ್ಮ ವಾರ್ಡಿಗೆ ಬಂದಿದ್ದರೂ ನಾವು ಬಾಯಿಗೆ ನೀರು ಕೊಡುತ್ತಿರಲಿಲ್ಲ. ನೀವು ಬೇರೆ ಏನು ಮಾಡಿದ್ದರೂ ಅವನು ಬದುಕುತ್ತಿರಲಿಲ್ಲ.

ಅವರು ಎಲ್ಲ ಕೇಳಿಸಿಕೊಂಡರು. "ತುಟಿ ಒದ್ದೆ ಮಾಡಬಹುದಿತ್ತು, ಡಾಕ್ಟರ್" ಎಂದರು.

ಅವಳು ಅವರ ಕೈ ಮೇಲೆ ತನ್ನ ಕೈ ಇಟ್ಟು ಕೂತಳು.

ಆಮೇಲೆ ಅವರು ನನ್ನ ಕಡೆ ತಿರುಗಿ, "ನಿಮ್ಮಲ್ಲಿ ಯಾರಾದರೂ ಸಾಯುವಾಗ ಏನು ಮಾಡ್ತಾರೆ?" ಎಂದು ಕೇಳಿದರು. ನಮ್ಮ ಕಡೆ ಸಾಯುವವರ ಬಾಯಿಗೆ ಮನೆಯವರು ನೀರು ಬಿಡುತ್ತಾರೆ, ಬಾಯಿಗೆ ನೀರು ಬಿಡುವವರೂ ಇಲ್ಲದ ಸಾವು ಎಂದರೆ ಅದಕ್ಕಿಂತ ಅನಾಥ ಸಾವಿಲ್ಲ ಎನ್ನುತ್ತಾರೆ. ಅದು ನನ್ನ ಬಾಯಿಗೆ ಬಂದಿತ್ತು. "ದೇವರ ಹೆಸರು ಹೇಳ್ತಾರೆ" ಎಂದೆ. ಹೆಂಡತಿ ನನ್ನನ್ನೊಮ್ಮೆ ನೋಡಿ ಕಣ್ಣು ತಗ್ಗಿಸಿದಳು. ಮನೆಗೆ ಬಂದ ಮೇಲೆ, "ಸರಿ ಮಾಡಿದ್ರಿ" ಎಂದಳು. ಚಪ್ಪಲಿ ಕಳಚುತ್ತ, "ಗೊತ್ತಿಲ್ಲ" ಎಂದಳು.

ಆಗಸ್ಟಿನಲ್ಲಿ ಅವರು ನನ್ನನ್ನು ಆ ನಗರದ ಸ್ಮಶಾನಕ್ಕೆ ಕರೆದುಕೊಂಡು ಹೋಗಲು ಹೇಳಿದರು. ಹಡಗಿನ ಏಜೆಂಟರು ಅವನನ್ನು ಅಲ್ಲೇ ಹೂಳಿಸಿದ್ದರು. ಅವನು ಯಾವ ಧರ್ಮದವನು ಎಂದು ಯಾರೂ ವಿಚಾರಿಸಿದಂತಿರಲಿಲ್ಲ. ಕಚೇರಿಯ ಹೆಂಗಸು ಹಳೆಯ ರಿಜಿಸ್ಟರ್ ತೆಗೆದು, ಸಾಲು ಸಂಖ್ಯೆ ಹೇಳಿದಳು. ಕಲ್ಲು ಇರಲಿಲ್ಲ. ಎರಡು ಕಲ್ಲುಗಳ ನಡುವೆ ಒಬ್ಬ ಮನುಷ್ಯ ಮಲಗುವಷ್ಟು ಜಾಗದಲ್ಲಿ ಹುಲ್ಲು ಬೆಳೆದಿತ್ತು. ಅವರು ಟೋಪಿ ತೆಗೆದು ಕೈಯಲ್ಲಿ ಹಿಡಿದರು.

"ಆ ಪದ ಇನ್ನೊಮ್ಮೆ ಹೇಳು" ಎಂದರು.

"ನೀರು."

ಅವರು ತಾವೇ ಹೇಳಿ ನೋಡಿದರು. ಕೊನೆಯ ಉಕಾರ ಅವರ ನಾಲಿಗೆಗೆ ಹತ್ತಲಿಲ್ಲ. ನಾಲ್ಕನೆಯ ಸಲಕ್ಕೆ ಸರಿಯಾಯಿತು. ಸರಿಯಾದ ಮೇಲೆ ಮತ್ತೆ ಹೇಳಲಿಲ್ಲ.

ಕಾರಿನಲ್ಲಿ ವಾಪಸು ಬರುವಾಗ ಅವರು ಕೇಳಿದ್ದು ಒಂದನ್ನೇ. "ಅವನ ಮನೆಯವರು ಯಾರಾದರೂ ಇರಬಹುದು. ನಿನ್ನ ಭಾಷೆಯವನು ಅಂತ ಈಗ ಗೊತ್ತಾಯ್ತಲ್ಲ. ಹುಡುಕಿ ಕೊಡ್ತೀಯಾ? ನಾನು ಅವರಿಗೆ ಹೇಳಬೇಕು."

"ಏನಂತ ಹೇಳ್ತೀರಿ?"

"ನಡೆದದ್ದನ್ನ."

ಹುಡುಕುತ್ತೇನೆ ಎಂದೆ. ಅದು ಕಷ್ಟದ ಕೆಲಸವಾಗಿರಲಿಲ್ಲ. ರಿಜಿಸ್ಟರಿನಲ್ಲಿ ಅವನ ಹೆಸರಿನ ಮುಂದೆ, ಇಂಗ್ಲಿಷಿನಲ್ಲಿ ಕಿವಿಗೆ ಬಿದ್ದಂತೆ ಗೀಚಿದ್ದ ಒಂದು ಊರಿನ ಹೆಸರಿತ್ತು. ನಿಧಾನವಾಗಿ ಓದಿದರೆ ಅದು ಕುಂದಾಪುರದ ಆಚೆಯ ಕಡಲತಡಿಯ ಒಂದು ಹಳ್ಳಿ ಎಂದು ತಿಳಿಯುತ್ತಿತ್ತು. ಬರ್ಮಿಂಗ್‌ಹ್ಯಾಮಿನ ಹಾರ್ಬೋರ್ನ್‌ನಲ್ಲಿರುವ ವೈದ್ಯೆಯೊಬ್ಬರು ನಮಗೆ ಪರಿಚಯ. ಟಿವಿಡೇಲ್ ದೇವಸ್ಥಾನದಲ್ಲಿ ಯುಗಾದಿಗೆ, ನವರಾತ್ರಿಗೆ ಸಿಗುತ್ತಿದ್ದವರು. ಅವರ ತವರು ಕುಂದಾಪುರ. ಅವರಿಗೊಂದು ಮೇಲ್ ಬರೆದರೆ ಸಾಕಿತ್ತು.

ನಾನು ಬರೆಯಲಿಲ್ಲ. ಸೆಪ್ಟೆಂಬರಿನಲ್ಲಿ ಕಚೇರಿಯಲ್ಲಿ ಹೊಸ ಪಂಪೊಂದರ ದೊಡ್ಡ ಪರೀಕ್ಷೆ ಇತ್ತು. ನವರಾತ್ರಿಗೆ ಟಿವಿಡೇಲ್‌ಗೆ ಹೋದಾಗ ಮುಖತಃ ಹೇಳೋಣ ಎಂದುಕೊಂಡೆ. ಆ ಸಲ ಹೆಂಡತಿಯ ಕೆಲಸದ ಪಾಳಿ ಬದಲಾಗಿ ಹೋಗಲಾಗಲಿಲ್ಲ. ಆಮೇಲೆ ಚಳಿಗಾಲ ಬಂತು. ಕಾರಣಗಳೆಲ್ಲ ನಿಜವಾದವೇ. ಆದರೆ ಅವುಗಳ ಅಡಿಯಲ್ಲಿ ಇನ್ನೊಂದಿತ್ತು. ಅವನ ಮನೆಯವರು ಸಿಕ್ಕರೆ ಇವರ ಮಾತನ್ನು ಅವರಿಗೆ, ಅವರ ಮಾತನ್ನು ಇವರಿಗೆ ದಾಟಿಸಬೇಕಾದವನು ನಾನೇ. ಬಾಯಿಗೆ ನೀರು ಬಿಟ್ಟರಾ ಎಂದು ಆ ಕಡೆಯಿಂದ ಯಾರಾದರೂ ಕೇಳಿಯೇ ಕೇಳುತ್ತಾರೆ. ನಾನು ಬಚ್ಚಿಟ್ಟದ್ದು ಆಗ ಇವರಿಗೆ ತಿಳಿಯುತ್ತದೆ. ಅದನ್ನು ಎದುರಿಸಲು ಮನಸ್ಸಿರಲಿಲ್ಲ. ಅವರು ಮೂರು ಸಲ ಕೇಳಿದರು. ಮೂರೂ ಸಲ, "ವಿಚಾರಿಸ್ತಾ ಇದ್ದೀನಿ" ಎಂದೆ. ನಾಲ್ಕನೆಯ ಸಲ ಕೇಳಲಿಲ್ಲ.

ಆ ಚಳಿಗಾಲದಲ್ಲೇ ದೋಣಿಯೂ ಹೋಯಿತು. ಸಂಘದವರು ತಜ್ಞರನ್ನು ಕರೆಸಿ ನೋಡಿಸಿದಾಗ, ನೀರಿನ ಕೆಳಗಿನ ಉಕ್ಕು ಹಲವು ಕಡೆ ಬೆರಳಿನಿಂದ ಒತ್ತಿದರೆ ಬಾಗುವಷ್ಟು ಸವೆದಿತ್ತು. ಉಳಿಸುವುದು ಆಗದ ಮಾತು ಎಂದು ತೀರ್ಮಾನವಾಯಿತು. ಒಡೆಯುವ ಜಾಗಕ್ಕೆ ನಾವಿಬ್ಬರೂ ಹೋದೆವು. ಕೆಂಪು ಬಣ್ಣ ಇನ್ನೂ ಅಲ್ಲಲ್ಲಿ ಹಕ್ಕಳೆಯಂತೆ ಅಂಟಿಕೊಂಡಿತ್ತು. ಗ್ಯಾಸ್ ಕಟರ್ ಹಿಡಿದ ಕೆಲಸಗಾರ ಅವರನ್ನು ಗುರುತಿಸಿ, ನೆನಪಿಗೆ ಏನಾದರೂ ಬೇಕೇ, ಹಿತ್ತಾಳೆಯ ಫಲಕ ಬಿಚ್ಚಿಕೊಡುತ್ತೇನೆ ಎಂದ. ಅವರು ಬೇಡವೆಂದರು. ಡೆಕ್ಕಿನ ಮೇಲೆ ಹತ್ತಬಹುದೇ ಎಂದು ಕೇಳಿದರು. ಸುರಕ್ಷತೆಯ ಕಾರಣಕ್ಕೆ ಬಿಡುವಂತಿಲ್ಲ ಎಂದ. ಅವರು ಒತ್ತಾಯಿಸಲಿಲ್ಲ. ಚಾಲಕನ ಕೋಣೆಯ ಹಿಂದೆ, ಎಡಗಡೆಯ ಒಂದು ಜಾಗವನ್ನು ನನಗೆ ಕೈಮಾಡಿ ತೋರಿಸಿದರು. ಅವರ ಕಣ್ಣಿಗೆ ಅದು ಕಾಣುತ್ತಿತ್ತೋ ಇಲ್ಲವೋ. ಕಟರಿನ ಬೆಂಕಿ ಉಕ್ಕಿಗೆ ತಗುಲಿದಾಗ, "ನಡಿ, ಹೋಗೋಣ" ಎಂದರು.

ಮಾರ್ಚಿನಲ್ಲಿ ಅವರಿಗೆ ಹೃದಯದ ತೊಂದರೆ ಕಾಣಿಸಿಕೊಂಡಿತು. ಕಾಲು ಊದಿತು, ಮೆಟ್ಟಿಲು ಹತ್ತಲು ಆಗದೆ ಹಾಸಿಗೆಯನ್ನು ಕೆಳಗಿನ ಕೋಣೆಗೆ ತಂದರು. ಮಗಳು ಲೀಡ್ಸ್‌ನಿಂದ ಬಂದು ಹೋಗುತ್ತಿದ್ದಳು. ನನ್ನ ಹೆಂಡತಿ ಬೆಳಿಗ್ಗೆ ಕೆಲಸಕ್ಕೆ ಹೋಗುವ ಮುನ್ನ ನೋಡಿಬರುತ್ತಿದ್ದಳು. ಒಂದು ದಿನ ಬಂದವಳು, ಸಾರಿನ ಪಾತ್ರೆ ತೊಳೆಯುತ್ತಿದ್ದ ನನಗೆ, "ಆ ಮೇಲ್ ಕಳಿಸಿದ್ರಾ?" ಎಂದಳು.

"ಇಲ್ಲ."

"ಇನ್ನೂ ಎಷ್ಟು ದಿನ ಇದೆ ಅಂದ್ಕೊಂಡಿದ್ದೀರಿ ಅವರಿಗೆ?"

ಕೈ ಒರೆಸಿಕೊಂಡು ಆಗಲೇ ಕೂತು ಬರೆದೆ. ಹತ್ತು ನಿಮಿಷವೂ ಹಿಡಿಯಲಿಲ್ಲ. ಹಾರ್ಬೋರ್ನ್‌ನ ವೈದ್ಯೆ ಅದೇ ದಿನ ಉತ್ತರಿಸಿ, ತಮ್ಮ ಅಣ್ಣನಿಗೆ ಹೇಳಿ ಊರಲ್ಲಿ ವಿಚಾರಿಸುತ್ತೇನೆಂದರು. ನಾನು ಪಕ್ಕದ ಮನೆಗೆ ಓಡಿ, ಹುಡುಕುತ್ತಿದ್ದಾರೆ ಎಂದು ಹೇಳಿದೆ. ಅವರು ಕಣ್ಣು ಮುಚ್ಚಿಕೊಂಡೇ, "ಒಳ್ಳೇದು, ಲ್ಯಾಡ್" ಎಂದರು. ನನ್ನ ಮಾತು ನಂಬಿದರೋ, ಹಿಂದಿನ ಮೂರು ಸಲದಂತೆಯೇ ಇದೂ ಎಂದುಕೊಂಡರೋ, ನನಗೆ ಈಗಲೂ ಗೊತ್ತಿಲ್ಲ. ಐದು ದಿನಕ್ಕೆ ತೀರಿಕೊಂಡರು.

ಅವರ ಅಂತ್ಯಕ್ರಿಯೆಗೆ ದಳದ ಹಳಬರು ನಾಲ್ಕು ಜನ ಬಂದಿದ್ದರು, ಒಬ್ಬರು ಗಾಲಿಕುರ್ಚಿಯಲ್ಲಿ. ಆರು ನೋಟ್‌ಬುಕ್ಕಿನ ಟೈಪ್ ಮಾಡಿದ ಪ್ರತಿ ನನ್ನ ಬಳಿ ಇತ್ತು. ಅದರಿಂದ ಎತ್ತಿನ ಕತೆಯನ್ನು ಓದಿದೆ. ಜನ ನಕ್ಕರು. ಏಳನೆಯದನ್ನು ಓದಲಿಲ್ಲ.

ಅವರು ತೀರಿಕೊಂಡ ಮೂರು ವಾರಕ್ಕೆ, ಒಂದು ಭಾನುವಾರ ಬೆಳಿಗ್ಗೆ, ಹಾರ್ಬೋರ್ನ್‌ನಿಂದ ಫೋನ್ ಬಂತು. ಅವನ ತಂಗಿ ಸಿಕ್ಕಿದ್ದರು. ಹಳ್ಳಿ ಸಣ್ಣದು, ವಿಲಾಯತಿ ಹಡಗಿನಲ್ಲಿ ಸತ್ತವನು ಎಂದರೆ ಅಲ್ಲಿ ಒಬ್ಬನೇ. ಅವನು ಹೋದಾಗ ಆಕೆಗೆ ಹತ್ತು ವರ್ಷವಂತೆ. ನಂಬರ್ ತೆಗೆದುಕೊಂಡು ನಾನೇ ಕರೆ ಮಾಡಿದೆ. ಆ ಕಡೆ ಯಾರೋ ಫೋನು ಹಿಡಿದು ಆಕೆಯ ಕಿವಿಗಿಟ್ಟರು. ಆಕೆಗೆ ಮಾತಾಡುವ ಮೊದಲು ಉಸಿರು ಎಳೆದುಕೊಳ್ಳುವ ಅಭ್ಯಾಸವಿತ್ತು.

"ಅಣ್ಣ ಬೆಂಕಿಲಿ ಹೋದ ಅಂದ್ ತಂತಿ ಬಂತ್" ಎಂದರು. "ಮತ್ತೆ ಅವ್ನ ಪೆಟ್ಟಿಗೆ ಬಂತ್. ಬೇರೆ ಎಂತದೂ ಗೊತ್ತಿಲ್ಲ ನಮ್ಗೆ. ನೀವ್ ಹೇಳಿ. ಜೀವ ಹೋಪತ್ತಿಗೆ ಹತ್ರ ಯಾರಾರೂ ಇದ್ದಿರಾ?"

ಇದ್ದರು ಎಂದೆ. ಒಬ್ಬರು ಪಕ್ಕದಲ್ಲೇ ಇದ್ದರು, ಕೆನ್ನೆಗೆ ಕೆನ್ನೆ ಇಟ್ಟುಕೊಂಡಿದ್ದರು, ಲಾಂಚ್ ಬರುವವರೆಗೂ ಬಿಡಲಿಲ್ಲ ಎಂದೆ.

"ಎಂತಾರೂ ಹೇಳ್ದ್ನಾ ಅವ್ನ್?"

ಅಷ್ಟು ತಿಂಗಳು ಹೆದರಿದ್ದ ಮಾತು ಹೀಗೆ ಬಂತು. ಯಾರಿಂದ ಬಚ್ಚಿಡಬೇಕಿತ್ತೋ ಅವರು ಈಗ ಉಳಿದಿರಲಿಲ್ಲ. ಆಕೆಗೂ ಸುಳ್ಳು ಹೇಳಲು ನನಗೆ ಮನಸ್ಸಾಗಲಿಲ್ಲ. "ನೀರು ಕೇಳಿದ್ರಂತೆ ಅಮ್ಮಾ. ಅವರಿಗೆ ನಮ್ಮ ಭಾಷೆ ಬರ್ತಿರಲಿಲ್ಲ. ಇಂಗ್ಲಿಷಿನಲ್ಲಿ ನಿಯರ್ ಅಂದ್ರೆ ಹತ್ತಿರ. ಹತ್ತಿರ ಬಾ ಅಂತಿದ್ದಾನೆ ಅಂತ ತಿಳ್ಕೊಂಡ್ರು."

ಆ ಕಡೆ ಹಿನ್ನೆಲೆಯಲ್ಲಿ ಕಾಗೆಯೊಂದು ಕೂಗಿತು.

"ನೀರ್ ಸಿಕ್ಕಿಲ್ಲ ಅಂದ್ ಅಮ್ಮಂಗೆ ಗೊತ್ತಾಯ್ಲಿಲ್ಲ. ಒಳ್ಳೇದಾಯ್ತ್" ಎಂದರು. ಅಳುತ್ತಿದ್ದರು. ಆಮೇಲೆ ದನಿ ಸರಿಮಾಡಿಕೊಂಡು, "ಕರೆದ ಅಂದ್ ಹತ್ರ ಬಂದ್ರಲ್ದಾ ಅವ್ರ್. ಈಗ ಇದ್ದಿರಾ? ಒಂಚೂರ್ ಮಾತಾಡ್ಲಕ್ಕಾ?" ಎಂದರು.

ಇಲ್ಲ, ತೀರಿಕೊಂಡು ಮೂರು ವಾರವಾಯಿತು ಎಂದೆ. ನನ್ನಿಂದ ತಡವಾಯಿತು ಎಂದೂ ಹೇಳಿದೆ. ಆಕೆ, ಅವರ ಫೋಟೋ ಇದ್ದರೆ ಕಳಿಸಿ ಎಂದರು. ತಡವಾದದ್ದಕ್ಕೆ ಕ್ಷಮಿಸಿದೆ ಎನ್ನಲು ಅದು ಆಕೆಯ ವಿಷಯವೂ ಆಗಿರಲಿಲ್ಲ.

ಆ ತಿಂಗಳ ಕೊನೆಗೆ ಅವರ ಮಗಳು ಮನೆ ಖಾಲಿ ಮಾಡಲು ಲೀಡ್ಸ್‌ನಿಂದ ಬಂದಳು. ಏಳನೆಯ ಪುಸ್ತಕವನ್ನು ಅವಳ ಕೈಗೆ ಕೊಟ್ಟು, ಫೋನಿನ ಮಾತನ್ನೆಲ್ಲ ಹೇಳಿದೆ. ಪೆಟ್ಟಿಗೆಗಳ ನಡುವೆ ನೆಲದ ಮೇಲೆ ಕೂತು ಓದಿದಳು. ಅಪ್ಪ ಇದನ್ನು ಅಮ್ಮನಿಗೂ ಹೇಳಿರಲಿಲ್ಲ ಎಂದಳು. ಆ ತಂಗಿ ನಿಮ್ಮ ತಂದೆಯ ಫೋಟೋ ಕೇಳಿದ್ದಾರೆ ಎಂದಾಗ, ಒಂದು ಪೆಟ್ಟಿಗೆಯೊಳಗಿಂದ ಹುಡುಕಿ ಕೊಟ್ಟಳು. ಫೈರ್‌ಬೋಟಿನ ಡೆಕ್ಕಿನ ಮೇಲೆ, ಎಣ್ಣೆ ಮೆತ್ತಿದ ಅಂಗಿಯ ತೋಳು ಮಡಚಿ, ಬಿಸಿಲಿಗೆ ಕಣ್ಣು ಕಿರಿದು ಮಾಡಿ ನಿಂತ ಉದ್ದನೆಯ ಯುವಕ. ನಾನು ಕಂಡ ಮುದುಕರನ್ನು ಅದರಲ್ಲಿ ಗುರುತಿಸಲು ನನಗೆ ಸ್ವಲ್ಪ ಹೊತ್ತು ಬೇಕಾಯಿತು.

ಅದನ್ನು ಫೋನಿನಲ್ಲಿ ತೆಗೆದು ಊರಿಗೆ ಕಳಿಸಿದೆ. ಮರುದಿನ ಆಕೆಯ ದನಿಯ ಒಂದು ಸಂದೇಶ ಬಂತು. ಉಸಿರು ಎಳೆದುಕೊಂಡು, "ಇವ್ರಿಗೂ ಸಣ್ಣ ಪ್ರಾಯವೇ ಅಲ್ದಾ" ಎಂದಷ್ಟೇ ಅದರಲ್ಲಿತ್ತು. ಅದನ್ನು ಮಗಳಿಗೆ ಕೇಳಿಸಿದೆ. ಅರ್ಥ ಹೇಳು ಎಂದಳು. ಹೇಳಿದೆ, ಈ ಸಲ ಒಂದು ಮಾತನ್ನೂ ಬಿಡದೆ. ಅವಳು ತಲೆಯಾಡಿಸಿ, ಏಳೂ ನೋಟ್‌ಬುಕ್ಕುಗಳನ್ನು ಒಂದೇ ಚೀಲಕ್ಕೆ ಹಾಕಿಕೊಂಡು, ಸಂಜೆಯಾಗುವ ಮೊದಲು ಲೀಡ್ಸ್ ಸೇರಬೇಕೆಂದು ಹೊರಟಳು.